ಉತ್ತರಪತ್ರಿಕೆ ಕೋರ್ಟಿನ ಮೆಟ್ಟಿಲು ಹತ್ತಿದ ಕತೆ

ನಿಕಾಲು ಬಂದ ದಿನ ನಮ್ಮ ಅಕ್ಕಲಕೋಟ ಕಡೆಯ ಕನ್ನಡ ಶಾಲೆಗಳಲ್ಲಿ ಒಂದಿಬ್ಬರು ಮಕ್ಕಳಾದರೂ ಅಳುತ್ತ ಬಂದು ನಿಲ್ಲುತ್ತಾರೆ. "ಸರ್, ಪೇಪರು ಚಲೋ ಬರದಿದ್ದೆ, ಮಾರ್ಕು ಹಿಂಗ್ಯಾಕ ಬಂತು?" ಗುಣಪಡತಾಳಣಿಯ ಅರ್ಜಿ ತುಂಬಿಸಿ ಕಳಿಸುತ್ತೇವೆ. ಆ ಅರ್ಜಿಯ ಹಿಂದೆ ಕೋರ್ಟಿನ ದೊಡ್ಡ ಇತಿಹಾಸವಿದೆ ಎಂಬುದು ನಮಗೂ ಬಹಳ ದಿನ ತಿಳಿದಿರಲಿಲ್ಲ.

ಮಹಾರಾಷ್ಟ್ರ ಪರೀಕ್ಷಾ ಮಂಡಳಿಯ 1977ರ ನಿಯಮಾವಳಿಯಲ್ಲಿ 104ನೆಯ ನಿಯಮ ಎರಡು ಬಾಗಿಲು ಮುಚ್ಚಿತ್ತು. ಎಲ್ಲ ಉತ್ತರಕ್ಕೂ ಅಂಕ ಬಿದ್ದಿದೆಯೇ, ಕೂಡಿಸಿದ್ದು ಸರಿಯೇ ಎಂದಷ್ಟೇ ನೋಡುತ್ತಾರೆ, ಮರುಮೌಲ್ಯಮಾಪನ ಇಲ್ಲ. ಉತ್ತರಪತ್ರಿಕೆ ತೋರಿಸುವುದೂ ಇಲ್ಲ. ವಿದ್ಯಾರ್ಥಿಗಳು ಮುಂಬೈ ಹೈಕೋರ್ಟಿಗೆ ಹೋದರು, ಗೆದ್ದರು. ಮಂಡಳಿ ಸುಪ್ರೀಂ ಕೋರ್ಟಿಗೆ ಹೋಯಿತು. 1984ರ ಜುಲೈ 17ರಂದು ನ್ಯಾಯಮೂರ್ತಿ ವಿ. ಬಾಲಕೃಷ್ಣ ಎರಾಡಿಯವರು ಬರೆದ ತೀರ್ಪು ಮಂಡಳಿಯ ಪರ ಬಂತು. ಲಕ್ಷಗಟ್ಟಲೆ ಪತ್ರಿಕೆಗಳನ್ನು ಮತ್ತೆ ಮತ್ತೆ ತೆಗೆದರೆ ಪರೀಕ್ಷೆಗೆ ಕೊನೆ ಎಲ್ಲಿ? ಪೇಪರು ತಿದ್ದುವ ನಮಗೆ ಈ ಮಾತಿನಲ್ಲಿ ಹುರುಳಿದೆ ಅನಿಸುತ್ತದೆ. ಆದರೆ ತೋರಿಸಲಿಕ್ಕೇನು ಅಡ್ಡಿ?

ಆ ಬಾಗಿಲು ತೆರೆಯಲು 27 ವರ್ಷ ಬೇಕಾಯಿತು. 2011ರ ಆಗಸ್ಟ್ 9ರಂದು ಸುಪ್ರೀಂ ಕೋರ್ಟು, ಮಾಹಿತಿ ಹಕ್ಕು ಕಾಯ್ದೆಯಡಿ ವಿದ್ಯಾರ್ಥಿ ತನ್ನ ಉತ್ತರಪತ್ರಿಕೆ ನೋಡಬಹುದು, ಪ್ರತಿ ಪಡೆಯಬಹುದು ಎಂದಿತು. ತಿದ್ದಿದವರ ಹೆಸರು ಮಾತ್ರ ಗುಟ್ಟು. ತೀರ್ಪು ಬರೆದ ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ಹಿಂದೆ ಕರ್ನಾಟಕ ಹೈಕೋರ್ಟಿನಲ್ಲಿದ್ದವರು.

ನೋಡುವ ಹಕ್ಕೇನೋ ಸಿಕ್ಕಿತು, ಸಮಯ ಸಿಗಲಿಲ್ಲ. ಪರೀಕ್ಷೆ ಮುಗಿದ 30 ದಿನದಲ್ಲಿ, ಹೆಚ್ಚೆಂದರೆ 45 ದಿನದಲ್ಲಿ ಫಲಿತಾಂಶ ಕೊಡಬೇಕೆಂದು ಮಹಾರಾಷ್ಟ್ರದ ವಿಶ್ವವಿದ್ಯಾಲಯಗಳ 2016ರ ಕಾಯ್ದೆ ಹೇಳುತ್ತದೆ. ಮರುವರ್ಷವೇ ಮುಂಬೈ ವಿಶ್ವವಿದ್ಯಾಲಯ 17 ಲಕ್ಷಕ್ಕೂ ಹೆಚ್ಚು ಉತ್ತರಪತ್ರಿಕೆಗಳನ್ನು ಕಂಪ್ಯೂಟರ್ ಪರದೆಯ ಮೇಲೆ ತಿದ್ದಿಸಲು ಹೊರಟಿತು. ರಾಜ್ಯಪಾಲರು ಕೊಟ್ಟ ಜುಲೈ 31ರ ಗಡುವು ದಾಟಿ ಫಲಿತಾಂಶ ಸೆಪ್ಟೆಂಬರಿನವರೆಗೆ ಎಳೆಯಿತು. ಕಾನೂನು ವಿದ್ಯಾರ್ಥಿಗಳು ಹೈಕೋರ್ಟಿನ ಬಾಗಿಲು ತಟ್ಟಿದರು. ಮರುಮೌಲ್ಯಮಾಪನಕ್ಕೆ ಸಾವಿರಾರು ಅರ್ಜಿ ಬಿದ್ದವು. ಮುಂದಿನ ಸೆಮಿಸ್ಟರಿನ ಪರೀಕ್ಷೆ ಹತ್ತಿರ ಬಂದರೂ ಅನೇಕರಿಗೆ ಅದರ ಉತ್ತರ ಇಲ್ಲ. ಅಕ್ಟೋಬರಿನಲ್ಲಿ ರಾಜ್ಯಪಾಲರು ಕುಲಗುರುಗಳನ್ನೇ (ಕರ್ನಾಟಕದವರು ಕುಲಪತಿ ಅನ್ನುತ್ತಾರೆ) ತೆಗೆದುಹಾಕಿದರು. ಮಕ್ಕಳ ಕಳೆದುಹೋದ ತಿಂಗಳುಗಳನ್ನು ತಂದುಕೊಡುವವರು ಯಾರು?

ಆ ತಿಂಗಳುಗಳ ಬೆಲೆ ನಮಗೆ ಗೊತ್ತು. ನಮ್ಮ ಕನ್ನಡ ಶಾಲೆಯಲ್ಲಿ ಕಲಿತ ಹುಡುಗಿಯೊಬ್ಬಳಿಗೆ ಬಿ.ಎ. ಕೊನೆಯ ವರ್ಷ ಒಂದು ವಿಷಯ ಹೋಯಿತು. ಮರುಮೌಲ್ಯಮಾಪನದಲ್ಲಿ ಪಾಸಾದಳು, ಆದರೆ ಆ ಕಾಗದ ಕೈಗೆ ಬರುವ ಹೊತ್ತಿಗೆ ಬಿ.ಎಡ್. ಪ್ರವೇಶ ಮುಗಿದಿತ್ತು. "ಕೋರ್ಟಿಗೆ ಹೋಗೂಣೇನ್ರಿ ಸರ್?" ಎಂದು ಅವಳ ತಂದೆ ಕೇಳಿದರು. ಆಗ ನಮಗೆ ಹೈಕೋರ್ಟು ಅಂದರೆ ಮುಂಬೈ. ಸೊಲ್ಲಾಪುರಕ್ಕೆ ಹೋಗಿ ರಾತ್ರಿ ಸಿದ್ಧೇಶ್ವರ ಎಕ್ಸ್‌ಪ್ರೆಸ್ ಹತ್ತಬೇಕು, ವಕೀಲರ ಫೀ ಬೇರೆ. ಅರ್ಜಿ ಕೊಟ್ಟ ರಸೀದಿಯೂ ಅವಳ ಹತ್ತಿರ ಉಳಿದಿರಲಿಲ್ಲ. ಈಗ ಪ್ರತಿ ಮಗುವಿಗೂ ತಾರೀಖಿನ ರಸೀದಿ ಜೋಪಾನ ಮಾಡಲು ಹೇಳುತ್ತೇವೆ.

2025ರ ಆಗಸ್ಟಿನಲ್ಲಿ ಕೊಲ್ಹಾಪುರದಲ್ಲಿ ಹೈಕೋರ್ಟಿನ ಸರ್ಕಿಟ್ ಪೀಠ ಶುರುವಾಯಿತು. ಸೊಲ್ಲಾಪುರ, ಸಾಂಗಲಿ ಜಿಲ್ಲೆಗಳೂ ಅದಕ್ಕೆ ಸೇರಿವೆ. ಅಕ್ಕಲಕೋಟ, ಜತ್ತದ ಮಕ್ಕಳಿಗೆ ದಾರಿ ಅಷ್ಟರಮಟ್ಟಿಗೆ ಕಡಿಮೆಯಾಯಿತು. ಆ ಹುಡುಗಿ ಒಂದು ವರ್ಷ ಮನೆಯಲ್ಲಿದ್ದು, ಆಮೇಲೆ ಬಿ.ಎಡ್. ಸೇರಿದಳು.