ಹೆಲ್ಮಾಂಟ್ ಬಿಟ್ಟುಬಿಟ್ಟ ಎರಡು ಔನ್ಸ್

ನಮ್ಮ ಹಿತ್ತಲಿನ ಕರಿಬೇವು ಎರಡು ವರ್ಷದಿಂದ ಸೊರಗುತ್ತಿತ್ತು. ಚಿಗುರೆಲೆಯೆಲ್ಲ ಹಳದಿ, ನರ ಮಾತ್ರ ಹಸಿರು. ಅಮ್ಮ ನೆಟ್ಟ ಗಿಡ ಬೇರೆ. ಹುಳಿಮಜ್ಜಿಗೆ ಸುರಿದೆ, ಸಗಣಿ ಗೊಬ್ಬರ ಹಾಕಿದೆ, ಯಾರೋ ಹೇಳಿದರು ಅಂತ ಸುಣ್ಣವನ್ನೂ ಹಾಕಿದೆ. ಗಿಡ ಇನ್ನಷ್ಟು ಬಿಳಿಚಿಕೊಂಡಿತು. ಕೊನೆಗೆ ಅರ್ಧ ಕಿಲೋ ಮಣ್ಣು ನೆರಳಲ್ಲಿ ಒಣಗಿಸಿ ಪರೀಕ್ಷೆಗೆ ಕೊಟ್ಟೆ. ವರದಿ ಬರುವವರೆಗೆ ಒಂದು ಕುತೂಹಲ: ಮಣ್ಣನ್ನೇ ಪರೀಕ್ಷಿಸಿ ನೋಡುವ ಈ ಬುದ್ಧಿ ಮನುಷ್ಯನಿಗೆ ಬಂದದ್ದು ಯಾವಾಗ?

ಹುಡುಕಿದಾಗ ಮೊದಲು ಸಿಕ್ಕವನು ಬ್ರಸೆಲ್ಸ್‌ನ ವಾನ್ ಹೆಲ್ಮಾಂಟ್. ಒಲೆಯಲ್ಲಿ ಒಣಗಿಸಿದ 200 ಪೌಂಡ್ ಮಣ್ಣಿನಲ್ಲಿ 5 ಪೌಂಡಿನ ವಿಲೋ ಗಿಡ ನೆಟ್ಟು, ಐದು ವರ್ಷ ಬರೀ ನೀರು ಹಾಕಿದ. ಗಿಡ 169 ಪೌಂಡ್ ಆಯಿತು. ಮಣ್ಣಿನಲ್ಲಿ ಕಡಿಮೆಯಾದದ್ದು ಸುಮಾರು ಎರಡು ಔನ್ಸ್ ಅಷ್ಟೆ! ಹಾಗಾಗಿ ಮರವೆಲ್ಲ ನೀರಿನಿಂದಲೇ ಆದದ್ದು ಅಂದುಬಿಟ್ಟ. ಅವನು ಸತ್ತ ಮೇಲೆ, 1648ರಲ್ಲಿ ಇದು ಅಚ್ಚಾಯಿತು.

ನೋಡಿ, ಅವನು ಲೆಕ್ಕಕ್ಕೇ ತೆಗೆದುಕೊಳ್ಳದ ಆ ಎರಡು ಔನ್ಸಿನಲ್ಲೇ ಗುಟ್ಟಿತ್ತು. ಗಿಡ ಮಣ್ಣಿನಿಂದ ಎಳೆದುಕೊಳ್ಳುವ ಖನಿಜ ಬಹಳ ಸ್ವಲ್ಪ, ಆದರೆ ಅದಿಲ್ಲದೆ ಗಿಡವಿಲ್ಲ. ಜರ್ಮನಿಯ ಸ್ಪ್ರೆಂಗೆಲ್, ಆಮೇಲೆ 1840ರಲ್ಲಿ ಲೀಬಿಗ್ ಇದನ್ನು ಬಿಡಿಸಿ ಹೇಳಿದರು. ಯಾವ ಒಂದು ಪೋಷಕಾಂಶ ಅಗತ್ಯಕ್ಕಿಂತ ಕಡಿಮೆಯೋ ಅದೇ ಇಳುವರಿಯನ್ನು ಹಿಡಿದು ನಿಲ್ಲಿಸುತ್ತದೆ, ಉಳಿದವನ್ನು ಎಷ್ಟು ಸುರಿದರೂ ದಂಡ.

ನಮ್ಮ ಮೈಸೂರು ಸಂಸ್ಥಾನವೂ ಹಿಂದೆ ಬಿದ್ದಿರಲಿಲ್ಲ. ಮಹಾರಾಣಿ ಕೆಂಪನಂಜಮ್ಮಣ್ಣಿ ವಾಣಿವಿಲಾಸ ಸನ್ನಿಧಾನದವರು 1899ರಲ್ಲಿ ಹೆಬ್ಬಾಳದ 30 ಎಕರೆಯಲ್ಲಿ ಕೃಷಿ ಪ್ರಯೋಗ ಕ್ಷೇತ್ರ ಆರಂಭಿಸಿದರು. ಮಣ್ಣಿಗೂ ಬೆಳೆಗೂ ಇರುವ ನಂಟನ್ನು ಅಲ್ಲಿ ಅಭ್ಯಾಸ ಮಾಡಿದವರು ರಸಾಯನಶಾಸ್ತ್ರಜ್ಞ ಲೇಹ್ಮನ್.

ಇನ್ನೊಂದು ತಮಾಷೆ ಕೇಳಿ. ಮಣ್ಣಿನ ಹುಳಿ-ಕ್ಷಾರ ಅಳೆಯುವ ಪಿಎಚ್ ಮಾಪನ ಹುಟ್ಟಿದ್ದು ಹೊಲದಲ್ಲಲ್ಲ, ಬಿಯರ್ ಕಂಪನಿಯ ಪ್ರಯೋಗಾಲಯದಲ್ಲಿ! ಕೋಪನ್‌ಹೇಗನ್ನಿನ ಕಾರ್ಲ್ಸ್‌ಬರ್ಗ್‌ನಲ್ಲಿ ಸೋರೆನ್‌ಸೆನ್ 1909ರಲ್ಲಿ ಅದನ್ನು ರೂಪಿಸಿದರು.

ಆ ಪಿಎಚ್ಚೇ ನನ್ನ ತಪ್ಪನ್ನು ಹಿಡಿದುಕೊಟ್ಟಿತು. ವರದಿಯಲ್ಲಿ 8.4. ಅಷ್ಟು ಕ್ಷಾರವಿದ್ದರೆ ಮಣ್ಣಿನಲ್ಲಿ ಕಬ್ಬಿಣವಿದ್ದರೂ ಬೇರಿಗೆ ದಕ್ಕುವುದಿಲ್ಲ. ಮನೆ ಕಟ್ಟಿದಾಗ ಉಳಿದ ಸಿಮೆಂಟ್ ಗಾರೆ ಅಲ್ಲೇ ಹೂತಿತ್ತು, ಮೇಲೆ ನನ್ನ ಸುಣ್ಣ! ಗಾರೆ ತೆಗೆಸಿ, ಕಾಂಪೋಸ್ಟ್ ಕೊಟ್ಟು, ಅನ್ನಭೇದಿಯ ತೆಳು ದ್ರಾವಣವನ್ನು ಎಲೆಗೆ ಸಿಂಪಡಿಸಿದೆ. ಈಗ ಚಿಗುರು ಹಸಿರಾಗಿದೆ.

ಎರಡು ವರ್ಷ ಆ ಗಿಡಕ್ಕೆ ಪ್ರೀತಿಯಿಂದಲೇ ವಿಷ ಹಾಕಿದೆನಲ್ಲ ಅಂತ ಈಗಲೂ ಚುಚ್ಚುತ್ತದೆ. ನಿಮ್ಮ ಗಿಡಕ್ಕೆ ಏನಾದರೂ ಹಾಕುವ ಮುಂಚೆ ಒಮ್ಮೆ ಮಣ್ಣನ್ನು ಕೇಳಿ, ಆಯ್ತಾ?