ಕತ್ತರಿ ಹಿಡಿದ ಕೈ

ತ್ರಾಸಿಯಿಂದ ಮರವಂತೆಗೆ ಹೊರಟ ಬಸ್ಸಿನ ಒಂದು ಕಿಟಕಿಗೆ ಕಡಲು, ಇನ್ನೊಂದಕ್ಕೆ ಸೌಪರ್ಣಿಕೆ. ಅಲ್ಲಿಗೆ ಸಮೀಪದ ಪಡುಕೋಣೆಯ ಹೆಸರು ಗುರುದತ್ತರ ಮನೆತನದೊಡನೆ ಮುಂಬಯಿಯ ಚಿತ್ರರಂಗವನ್ನು ಸೇರಿತು. ‘ಪ್ಯಾಸಾ’ (1957) ನಮ್ಮವರದೆಂದು ಕರಾವಳಿಯವರು ಅಭಿಮಾನದಿಂದ ಹೇಳಿಕೊಳ್ಳುವುದುಂಟು. ಆದರೆ ಅದರ ತುಣುಕುಗಳನ್ನು ಜೋಡಿಸಿದ ವೈ. ಜಿ. ಚವಾಣರನ್ನು ಎಷ್ಟು ಮಂದಿ ಬಲ್ಲರು? ಕಥಾಚಿತ್ರದ ಸಂಕಲನಕಾರನ ಗತಿಯೇ ಇದಾದರೆ ಸಾಕ್ಷ್ಯಚಿತ್ರದವನ ಪಾಡು ಕೇಳಬೇಕೆ! ಮೊದಲನೆಯವನ ಕೈಯಲ್ಲಿ ಸಿದ್ಧವಾದ ಕಥೆಯೊಂದಿರುತ್ತದೆ. ಎರಡನೆಯವನದು ಬಹುಮಟ್ಟಿಗೆ ಹುಟ್ಟುವುದೇ ಸಂಕಲನದ ಮೇಜಿನ ಮೇಲೆ.

ಈ ಮಾತಿಗೆ ಡಚ್ ಮಹಿಳೆ ಹೆಲೆನ್ ವಾನ್ ಡಾಂಗೆನ್ನರ ಬಾಳಿಗಿಂತ ಒಳ್ಳೆಯ ನಿದರ್ಶನ ನನಗೆ ತೋರದು. 1909ರಲ್ಲಿ ಆಮ್‌ಸ್ಟರ್‌ಡಾಮಿನಲ್ಲಿ ಹುಟ್ಟಿದ ಆಕೆ ಕ್ಯಾಮರಾ ವ್ಯಾಪಾರದ ಸಂಸ್ಥೆಯೊಂದರಲ್ಲಿ ಕೆಲಸಕ್ಕಿದ್ದರು. ಮಾಲಿಕರ ಮಗ ಯೋರಿಸ್ ಐವೆನ್ಸರ ಚಿತ್ರಗಳಿಗೆ ನೆರವಾಗುತ್ತಲೇ ಈ ವಿದ್ಯೆ ಕೈಗೆ ಹತ್ತಿತು. ‘ಹೊಸ ನೆಲ’ ಎಂಬರ್ಥದ ಹೆಸರಿನ 1933ರ ಚಿತ್ರವನ್ನೇ ನೋಡಿ. ಹಾಲೆಂಡಿನವರು ಕಡಲಿನ ಕೊಲ್ಲಿಯೊಂದಕ್ಕೆ ಕಟ್ಟೆ ಹಾಕಿ ನೆಲ ಗೆದ್ದ ಕಥೆ ಅದು. ಕಟ್ಟೆಯ ಕೊನೆಯ ಬಾಯಿ ಮುಚ್ಚುವಾಗ ಒಬ್ಬ ಛಾಯಾಗ್ರಾಹಕ ಕಡಲಿನ ಪಕ್ಷ ವಹಿಸಿದ; ಇನ್ನೊಬ್ಬ ನೆಲದ ಪಕ್ಷ, ಮತ್ತೊಬ್ಬ ಯಂತ್ರದ ಪಕ್ಷ. ಐವೆನ್ಸರೊಡನೆ ಕೂಡಿ ಹೆಲೆನ್ ಆ ಮೂರನ್ನೂ ಹೆಣೆದು ಒಂದು ಕಾಳಗವಾಗಿಸಿದರು. ಮಳೆಗಾಲದಲ್ಲಿ ಮರವಂತೆಯ ಕಡಲ್ಕೊರೆತ ಕಂಡವರಿಗೆ ಆ ಕಾಳಗವನ್ನು ವಿವರಿಸಬೇಕಾಗಿಲ್ಲ. ಆದರೆ ಚಿತ್ರ ಗೆಲುವಿನಲ್ಲಿ ಮುಗಿಯುವುದಿಲ್ಲ. ಹೊಸ ನೆಲದ ಪೈರಿನ ಬೆನ್ನಿಗೇ, ಬೆಲೆ ಕುಸಿದ ಆ ವರ್ಷಗಳಲ್ಲಿ ಧಾನ್ಯವನ್ನು ಹಾಳುಗೆಡಹುವ, ಹಸಿದವರು ಮೆರವಣಿಗೆ ಹೊರಡುವ ದೃಶ್ಯಗಳು ಬರುತ್ತವೆ. ಪೈರೂ ನಿಜ, ಹಸಿವೂ ನಿಜ. ಪಕ್ಕಪಕ್ಕ ಇಟ್ಟೊಡನೆ ಎರಡೂ ಬೇರೆಯೇ ಮಾತಾಡತೊಡಗಿದವು.

ಮುಂದೆ ಆಕೆಯ ಕೆಲಸ ಅಮೆರಿಕದಲ್ಲಿ. ಸ್ಪೇನಿನ ಅಂತರ್ಯುದ್ಧವನ್ನು ಕುರಿತ ‘ದಿ ಸ್ಪ್ಯಾನಿಷ್ ಅರ್ತ್’ (1937) ಚಿತ್ರಕ್ಕೆ ಮಾತು ಬರೆದು ಓದಿದವರು ಹೆಮಿಂಗ್ವೇ, ಜೋಡಿಸಿದವರು ಹೆಲೆನ್. ಬಾಂಬು ಬೀಳುವ ಸದ್ದಿಗೆ ಒಂದು ಹಾಲಿವುಡ್ ಕಥಾಚಿತ್ರದ ಭೂಕಂಪದ ಸದ್ದನ್ನು ಹಿಂದುಮುಂದಾಗಿ ಓಡಿಸಲಾಯಿತು. ಇದು ಸಾಕ್ಷ್ಯವೆ, ಕೈಚಳಕವೆ ಎಂದು ಕೇಳುವವರಿದ್ದಾರೆ. ಸದ್ದು ಎರವಲಿನದಾದರೂ ಬಿದ್ದ ಬಾಂಬು ಸುಳ್ಳಲ್ಲವಷ್ಟೆ. ಹಾಗೆಂದು ಆ ಪ್ರಶ್ನೆ ಕ್ಷುಲ್ಲಕವೆಂದು ನಾನು ಹೇಳಲಾರೆ.

ಆಕೆಯ ಕೃತಿಗಳಲ್ಲಿ ಹೆಚ್ಚು ಹೆಸರಾದುದು ರಾಬರ್ಟ್ ಫ್ಲಾಹರ್ಟಿಯವರ ‘ಲೂಸಿಯಾನಾ ಸ್ಟೋರಿ’ (1948). ಜೌಗುನೀರಿನ ನಾಡಿಗೆ ಎಣ್ಣೆ ತೆಗೆಯುವ ಯಂತ್ರ ಬಂದ ಕಥೆ. ಖರ್ಚು ಎಣ್ಣೆ ಕಂಪನಿಯದೇ. ಫ್ಲಾಹರ್ಟಿ ಮನಸ್ಸಿಗೆ ಬಂದುದನ್ನೆಲ್ಲ ಚಿತ್ರಿಸುವ ಸ್ವಭಾವದವರು. ಹೆಲೆನ್ ಸ್ಥಳದಲ್ಲೇ ಇದ್ದು, ರೀಲುಗಳ ರಾಶಿಯಲ್ಲಿ ಕಥೆಯ ಎಳೆ ಹುಡುಕುತ್ತ, ದಿನಚರಿಯನ್ನೂ ಬರೆದಿಟ್ಟರು. ಚಿತ್ರದ ಸಂಗೀತಕ್ಕಾಗಿ ವರ್ಜಿಲ್ ಥಾಮ್ಸನ್ನರಿಗೆ 1949ರಲ್ಲಿ ಪುಲಿಟ್ಜರ್ ಪ್ರಶಸ್ತಿ ಬಂತು; ಚಿತ್ರ ಮಾತ್ರ ಲೋಕದ ಬಾಯಲ್ಲಿ ಫ್ಲಾಹರ್ಟಿಯವರದಾಗಿಯೇ ಉಳಿಯಿತು.

1950ರಲ್ಲಿ ವಿಶ್ವಸಂಸ್ಥೆಗಾಗಿ ಮಾನವ ಹಕ್ಕುಗಳನ್ನು ಕುರಿತ ಚಿತ್ರವೊಂದನ್ನು ಮಾಡಿದ ಹೆಲೆನ್, ಅದೇ ವರ್ಷ ಪತ್ರಕರ್ತ ಕೆನೆತ್ ಡ್ಯುರಂಟರನ್ನು ಮದುವೆಯಾಗಿ ಕತ್ತರಿಯನ್ನು ಕೆಳಗಿಟ್ಟರು. ವಯಸ್ಸು ನಲವತ್ತೊಂದು. 2006ರಲ್ಲಿ ತೀರಿಕೊಳ್ಳುವವರೆಗೆ ಮತ್ತೆ ಚಿತ್ರರಂಗಕ್ಕೆ ಬರಲಿಲ್ಲ. ಲೂಸಿಯಾನಾದ ಆ ದಿನಚರಿ ಅಚ್ಚಾದುದು 1998ರಲ್ಲಿ, ಚಿತ್ರ ತೆರೆಕಂಡ ಐವತ್ತು ವರ್ಷಗಳ ಮೇಲೆ.