ಭಾವಚಿತ್ರದ ಋಣ

ವಿಶ್ವಕೋಶದಲ್ಲಿ ಮಹನೀಯರ ಭಾವಚಿತ್ರವನ್ನು ಕಂಡಾಗ ಅವರ ಹೆಸರನ್ನು ಓದುತ್ತೇವೆ. ಚಿತ್ರವನ್ನು ತೆಗೆದವನಾರೆಂದು ಕೇಳುವವರು ವಿರಳ. ಈ ಪ್ರಶ್ನೆಯು ಒಮ್ಮೆ ನ್ಯಾಯಪೀಠದವರೆಗೂ ಹೋಗಿದ್ದಿತು.

1882ರಲ್ಲಿ ನ್ಯೂಯಾರ್ಕಿನ ನೆಪೋಲಿಯನ್ ಸರೋನಿಯು ಆಸ್ಕರ್ ವೈಲ್ಡ್ ಕವಿಯ ಛಾಯಾಚಿತ್ರಗಳನ್ನು ತೆಗೆದನು. ಶಿಲಾಮುದ್ರಣದ ಸಂಸ್ಥೆಯೊಂದು ಅವುಗಳಲ್ಲೊಂದರ 85,000 ಪ್ರತಿಗಳನ್ನು ಅಪ್ಪಣೆಯಿಲ್ಲದೆ ಅಚ್ಚುಹಾಕಿಸಿ ಮಾರಿತು. ಯಂತ್ರವು ಮೂಡಿಸಿದ ಚಿತ್ರಕ್ಕೆ ಕರ್ತೃವೆಲ್ಲಿ ಎಂಬುದೇ ಅದರ ವಾದ. ಭಂಗಿ, ಉಡುಗೆ, ನೆಳಲು ಬೆಳಕುಗಳನ್ನು ಯೋಜಿಸಿದ ಸರೋನಿಯೇ ಕರ್ತೃವೆಂದು ಅಮೆರಿಕೆಯ ಸರ್ವೋಚ್ಚ ನ್ಯಾಯಾಲಯವು 1884ರಲ್ಲಿ ತೀರ್ಪಿತ್ತಿತು.

ಹಾಗಾದರೆ ಕೋಶಕಾರನ ಗತಿಯೇನು? ನಮ್ಮ 1957ರ ಕೃತಿಸ್ವಾಮ್ಯ ಶಾಸನವು ಸ್ವಂತ ಸಂಶೋಧನೆಗೂ ವಿಮರ್ಶೆಗೂ ನ್ಯಾಯವಾದ ಬಳಕೆಯನ್ನು ಮನ್ನಿಸುತ್ತದೆ. ಪ್ರಕಟವಾಗುವ ಕೋಶಕ್ಕೆ ನಿಶ್ಚಿಂತೆಯ ದಾರಿಯೆಂದರೆ, ಅವಧಿ ತೀರಿ ಸರ್ವರ ಸೊತ್ತಾದ ಚಿತ್ರ. ಸರೋನಿಯ ಆ ಚಿತ್ರವೂ ಇಂದು ಅಂತಹುದೇ.

ಆದರೂ ದಂಡಕ್ಕೆ ಸಿಲುಕದಿದ್ದ ಮಾತ್ರಕ್ಕೆ ಬಳಕೆಯು ನ್ಯಾಯವಾಗದು. ವಿಷಯನಿರೂಪಣೆಗೆ ಪೋಷಕವಾಗುವಂತೆ ಚಿತ್ರವನ್ನು ಬಳಸಿ, ಅದರ ಕೆಳಗೆ ತೆಗೆದವನ ಹೆಸರನ್ನೂ ವರ್ಷವನ್ನೂ ಕಾಣಿಸುವುದು ಕೋಶಕಾರನ ಧರ್ಮ. ಗ್ರಂಥವನ್ನೋದಿ ಋಷಿಋಣವನ್ನು ತೀರಿಸುವ ನಮಗೆ ಇದು ಹೊಸ ಪಾಠವೇನಲ್ಲ. ಹಕ್ಕಿಗೆ ಅವಧಿಯುಂಟು; ಋಣಕ್ಕಿಲ್ಲ.